ಸಿನಿಮಾದಲ್ಲಿಲ್ಲದ ಹಗ್ಗ

ನಮ್ಮ ಭಾವ ಆ ಗುಂಡಿಗೆ ಎರಡು ಸಲ ಇಳಿದ. ಸಿನಿಮಾದಲ್ಲಿ ಒಂದೇ ಸಲ ಇಳಿಯುತ್ತಾನೆ.

ಮೊದಲನೇ ಸಲ ಇಳಿದದ್ದು ಕೆಲಸಕ್ಕೆ. ಸೊಂಟಕ್ಕೆ ಹಗ್ಗ ಇತ್ತು, ಹಗ್ಗದ ಇನ್ನೊಂದು ತುದಿ ನನ್ನ ಕೈಯಲ್ಲಿತ್ತು. ಇಳಿದ, ಚರಂಡಿ ಬಿಡಿಸಿದ, ಹತ್ತಿ ಬಂದ. ಎರಡನೇ ಸಲ ಇಳಿದದ್ದು ಕ್ಯಾಮೆರಾಕ್ಕೆ. ಆಗ ಹಗ್ಗ ಇರಲಿಲ್ಲ. ಮೂರು ತಾಸು ಕಳೆದ ಮೇಲೆ ಬೆಂಕಿ ಆರಿಸುವವರು ಬಂದು ಕೊಕ್ಕೆ ಹಾಕಿ ಎತ್ತಿದರು.

ಸಿನಿಮಾದಲ್ಲಿ ಮೊದಲನೆಯದಿಲ್ಲ, ಎರಡನೆಯದು ಮಾತ್ರ ಇದೆ. ನೋಡಿದವರೆಲ್ಲ ಅತ್ತರು. ಅಳಲಿ. ಅವರ ಕಣ್ಣೀರಿನಿಂದ ನನಗೇನಾಗಬೇಕು?

ನಾನು ಇದನ್ನು ಸಮಾಧಾನವಾಗಿ ಹೇಳುವವನಲ್ಲ. ಹನ್ನೊಂದು ತಿಂಗಳು ಹೊಟ್ಟೆಯಲ್ಲಿಟ್ಟುಕೊಂಡು ಕುದ್ದಿದ್ದೇನೆ. ಎರಡೂ ಕಡೆ ನೋಡಿ ಮಾತಾಡು ಎನ್ನುವವರು ಒಂದು ಸಲ ಮೂಗು ಮುಚ್ಚಿಕೊಳ್ಳದೆ ನಮ್ಮ ಗುಂಡಿಯ ಬಾಯಿಗೆ ಬಗ್ಗಿ ನೋಡಿ ಬರಲಿ. ಆಮೇಲೆ ಕೂತು ಮಾತಾಡೋಣ.

ನಮ್ಮದು ಆರು ಜನರ ತಂಡ. ಎಲ್ಲಿ ಒಳಚರಂಡಿ ಕಟ್ಟಿಕೊಂಡರೂ ಕಂಟ್ರಾಕ್ಟರ್ ಫೋನ್ ಮಾಡುತ್ತಾನೆ, ನಾವು ಹೋಗುತ್ತೇವೆ. ಮುಚ್ಚಳ ಎಬ್ಬಿಸಲು ಹಾರೆ, ತಿವಿಯಲು ಬಿದಿರಿನ ಗಳ, ಹೂಳು ಎತ್ತಲು ಬಕೆಟ್. ಅವನು ಕೊಟ್ಟದ್ದು ಇಷ್ಟೇ. ಒಂದು ಸಲ ಕೈಗವಸು, ಬೂಟು ಕೊಟ್ಟು ಸಾಲಾಗಿ ನಿಲ್ಲಿಸಿ ಫೋಟೋ ತೆಗೆಸಿದ. ಫೋಟೋ ಮುಗಿದ ಮೇಲೆ ವಾಪಸು ತೆಗೆದುಕೊಂಡ.

ಹಗ್ಗ ನಾವೇ ತಂದದ್ದು. ಕುಳ್ಳ ಎಂದು ಕರೆಯುತ್ತಿದ್ದ ನಮ್ಮವನೊಬ್ಬ ಇಳಿದು ಮೇಲೆ ಬರಲಿಲ್ಲ. ಆ ವಾರವೇ ಭಾವ ಲಾರಿ ನಿಲ್ಲುವ ಕಡೆ ಹೋಗಿ ಯಾರನ್ನೋ ಕಾಡಿ ಬೇಡಿ ಒಂದು ಹಳೇ ನೈಲಾನ್ ಹಗ್ಗ ತಂದ. ನೀಲಿ ಬಣ್ಣದ್ದು. ನಡುವೆ ಒಂದು ಕಡೆ ಎಳೆ ಸವೆದಿತ್ತು. ಅಕ್ಕ ಅಲ್ಲಿಗೆ ದಪ್ಪ ಬಟ್ಟೆ ಸುತ್ತಿ, ಗೋಣಿ ಹೊಲಿಯುವ ದಬ್ಬಳದಲ್ಲಿ ಒತ್ತೊತ್ತಾಗಿ ಹೊಲಿದಳು. ಹೊಲಿದು, ಒಂದು ಕಾಲು ಅದರ ಮೇಲಿಟ್ಟು ಎರಡೂ ಕೈಯಿಂದ ಜಗ್ಗಿ ನೋಡಿದಳು.

ನಮ್ಮ ತಂಡದಲ್ಲಿ ಒಂದು ಕಟ್ಟು ಮಾಡಿಕೊಂಡಿದ್ದೆವು. ಇಳಿಯುವವನ ಹಗ್ಗವನ್ನು ಅವನ ಹೆಂಡತಿಯ ತಮ್ಮನೋ ಅಣ್ಣನೋ ಹಿಡಿಯಬೇಕು. ಬೇರೆಯವರು ಹಿಡಿಯಕೂಡದು. ಗೆಳೆಯನಾದರೆ ಬೀಡಿ ಹಚ್ಚಲು ಒಂದು ಗಳಿಗೆ ಕೈ ಬಿಟ್ಟಾನು. ಒಡಹುಟ್ಟಿದವನಾದರೆ ಹಳೇ ಜಗಳ ನೆನಪಾದೀತು. ಬಾಮೈದ ಮಾತ್ರ ಬಿಡುವುದಿಲ್ಲ, ಬಿಟ್ಟರೆ ಹೋಗುವುದು ಅವನ ಅಕ್ಕನ ಬಾಳು. ಈ ಕಟ್ಟು ಮಾಡಿದವನು ಭಾವನೇ. ಅಕ್ಕನ ಎದುರಿಗೇ ಹಗ್ಗದ ತುದಿಯನ್ನು ನನ್ನ ಕೈಗೆ ಕೊಟ್ಟು, "ನಿನ್ ತಮ್ಮನ ಕೈಲಿ ಜೀವ ಇಟ್ಟಿದೀನಿ ನೋಡೇ. ಇವತ್ತಿಂದ ಅವನಿಗೆ ಎರಡು ತುತ್ತು ಜಾಸ್ತಿ ಹಾಕು" ಎಂದು ನಕ್ಕ. ಅಕ್ಕ ಹಾಕಿದಳು. ನಾನು ತಿಂದೆ.

ಇನ್ನೊಂದು ಮಾತೂ ಇತ್ತು. ಒಂದು ಸಲ ಹೂಳು ಕಲಕಿದ ಗುಂಡಿಗೆ ಆ ದಿನ ಮತ್ತೆ ಇಳಿಯಬಾರದು. ಅಡಿಯಲ್ಲಿ ಕೂತ ಗ್ಯಾಸೆಲ್ಲ ಆಗ ಮೇಲೆದ್ದಿರುತ್ತದೆ. ಇದನ್ನು ನಮಗೆ ಯಾವ ಇಂಜಿನಿಯರೂ ಹೇಳಿಕೊಟ್ಟದ್ದಲ್ಲ. ಸತ್ತವರನ್ನು ನೋಡಿ ಕಲಿತದ್ದು.

ಹೋದ ವರ್ಷ ಹನ್ನೆರಡು ದಿನ ಬಿಡದೆ ಮಳೆ ಹೊಯ್ಯಿತು. ಚರಂಡಿಗಳು ಹಿಂದಕ್ಕೆ ಹರಿದವು. ಕೆಳಗಿನ ಬೀದಿಗಳ ಮನೆಗಳಲ್ಲಿ ಕಕ್ಕಸಿನ ನೀರು ಮೊಣಕಾಲ ಮಟ್ಟ ನಿಂತಿತು. ಜನ ಪಾತ್ರೆ ಪಗಡವನ್ನು ಮಂಚದ ಮೇಲೇರಿಸಿ ಅಲ್ಲೇ ಒಲೆ ಹೂಡಿದರು, ಅಲ್ಲೇ ಉಂಡರು, ಅಲ್ಲೇ ಒಬ್ಬರ ಕಾಲ ಮೇಲೆ ಒಬ್ಬರು ಮಲಗಿದರು. ಮಕ್ಕಳಿಗೆ ವಾಂತಿ ಭೇದಿ ಹಿಡಿಯಿತು. ಆಗ ನಮಗೆ ಬಂತು ನೋಡಿ ಬೆಲೆ. ನಮ್ಮನ್ನು ಕಂಡರೆ ಬಾಗಿಲು ಮುಂದೆ ಮಾಡುತ್ತಿದ್ದವರು ಕಿಟಕಿಯಿಂದ ಕೈ ಬೀಸಿ ಕರೆದರು. ನಾವು ಹೋಗಿ ಬಿಡಿಸಿದ ಮೇಲೆ ಮತ್ತೆ ಬಾಗಿಲು ಮುಂದೆ ಮಾಡಿದರು.

ಆ ಮಳೆಯಲ್ಲಿ ಡೈರೆಕ್ಟರ್ ಬಂದ. ಜತೆಗೆ ಒಬ್ಬ ಕ್ಯಾಮೆರಾದವನು. ಇಂಥ ಕಷ್ಟದಲ್ಲಿ ಸಾಮಾನ್ಯ ಜನ ಹೇಗೆ ಬದುಕುತ್ತಾರೆ ಎಂದು ತೋರಿಸಬೇಕಂತೆ. ಮಂಚದ ಮೇಲೆ ಅಡಿಗೆ ಮಾಡುವ ಮುದುಕಿಯನ್ನು ತೆಗೆದ, ಮೊಣಕಾಲ ನೀರಲ್ಲಿ ಮಿಷನ್ ತುಳಿಯುವ ದರ್ಜಿಯನ್ನು ತೆಗೆದ, ಆಮೇಲೆ ನಮ್ಮ ಹಿಂದೆ ಬಿದ್ದ.

"ಸಿನಿಮಾದಲ್ಲಿ ನಮ್ಮನ್ನ ಹಾಕ್ತೀರಾ ಸಾರ್?" ಎಂದು ಭಾವ ಕೇಳಿದ.

"ಇದು ಸಿನಿಮಾ ಅಲ್ಲ, ಸಾಕ್ಷ್ಯಚಿತ್ರ. ಇದರಲ್ಲಿ ಸುಳ್ಳು ಇರಲ್ಲ. ಇದ್ದದ್ದನ್ನ ಇದ್ದ ಹಾಗೆ ತೋರಿಸ್ತೀವಿ" ಎಂದ.

ಮೆತ್ತಗಿನ ಮನುಷ್ಯ. ಮಾತಿಗೊಂದು ದಯವಿಟ್ಟು. ದಯವಿಟ್ಟು ಈ ಕಡೆ ನೋಡಿ, ದಯವಿಟ್ಟು ಸ್ವಲ್ಪ ಜರುಗಿ, ದಯವಿಟ್ಟು ಮುಖ ಒರೆಸಿಕೊಳ್ಳಬೇಡಿ, ಹಾಗೇ ಇರಲಿ. ನಾವು ಅವನಿಗೆ ದಯವಿಟ್ಟು ಸಾರ್ ಎಂದೇ ಹೆಸರಿಟ್ಟೆವು. ನಮ್ಮ ಕಂಟ್ರಾಕ್ಟರ್ ಬಾಯಿ ತೆರೆದರೆ ಲೇ ಎಂದು ಶುರುವಾಗಿ ತಾಯಿಗೆ ಬಂದು ಮುಗಿಯುತ್ತದೆ. ಇವನು ಭಾವನಿಗೆ ನೀವು ಎಂದ. ಭಾವ ಅವತ್ತು ಮನೆಗೆ ಬಂದವನೇ ಅಕ್ಕನಿಗೆ ಅದನ್ನೇ ಹೇಳಿದ. "ನನ್ನ ನೀವು ಅಂತಾನೆ ಕಣೇ. ಬೇರೆ ಯಾರನ್ನೋ ಮಾತಾಡಿಸ್ತಿದಾನೆ ಅಂತ ನಾನು ಹಿಂದೆ ತಿರುಗಿ ನೋಡ್ದೆ!"

ಮಳೆಯ ಒಂಬತ್ತನೇ ದಿನ ಬೆಳಿಗ್ಗೆ ಆಸ್ಪತ್ರೆಯ ಹಿಂದಿನ ಬೀದಿಯಲ್ಲಿ ಕೆಲಸ. ಎರಡಾಳು ಆಳದ ಗುಂಡಿ. ಮುಚ್ಚಳ ತೆಗೆದು ಅರ್ಧ ಗಂಟೆ ಬಿಟ್ಟೆವು. ಭಾವ ಅಂಗಿ ಕಳಚಿದ, ನಾನು ಸೊಂಟಕ್ಕೆ ಹಗ್ಗ ಬಿಗಿದೆ, ಇಳಿದ. ಎದೆಮಟ್ಟ ನಿಂತು, ಮುಖ ಮೇಲೆತ್ತಿ ಉಸಿರೆಳೆದುಕೊಂಡು, ಮುಳುಗಿ ಕೈಯಿಂದ ತಡಕುತ್ತಿದ್ದ. ಗಾಜು ಕುಯ್ದರೂ ಕೈ ತೆಗೆಯುವಂತಿಲ್ಲ. ಮುಕ್ಕಾಲು ಗಂಟೆ. ಆಮೇಲೆ ಒಳಗೆ ಗೊಳಕ್ ಎಂದು ನೀರು ಓಡಿದ ಸದ್ದು ಬಂತು. ಮೂರು ಸಲ ಹಗ್ಗ ಜಗ್ಗಿದ, ನಾವು ಎಳೆದುಕೊಂಡೆವು.

ಮೇಲೆ ಬಂದು ಕಣ್ಣಿನ ಮೇಲಿದ್ದುದನ್ನು ಬಳಿದು ಎಸೆದು, ಕ್ಯಾಮೆರಾದ ಕಡೆ ನೋಡಿ ನಕ್ಕ. "ಆಯ್ತು ಸಾರ್. ಒಳಗೆ ಏನಿತ್ತು ಗೊತ್ತಾ? ದಿಂಬು! ಯಾರೋ ಪುಣ್ಯಾತ್ಮರು ನಂಗೆ ಸುಸ್ತಾಗುತ್ತೆ ಅಂತ ಹಾಸಿಗೆ ರೆಡಿ ಮಾಡ್ತಿದ್ರು!"

ನಾವೆಲ್ಲ ನಕ್ಕೆವು. ಬಕೆಟ್ ನೀರು ಹುಯ್ದುಕೊಂಡು ಕೈಕಾಲು ತೊಳೆದ. ಅಷ್ಟು ಹೊತ್ತಿಗೆ ಮೋಡ ಸ್ವಲ್ಪ ಸರಿದು ಬಿಸಿಲು ಬಿತ್ತು. ಡೈರೆಕ್ಟರ್ ಕ್ಯಾಮೆರಾದ ಪುಟ್ಟ ಪರದೆಯಲ್ಲಿ ಏನನ್ನೋ ನೋಡಿ, ಕರವಸ್ತ್ರ ಮೂಗಿನಿಂದ ತೆಗೆದು ಹತ್ತಿರ ಬಂದ.

"ದಯವಿಟ್ಟು ತಪ್ಪು ತಿಳ್ಕೋಬೇಡಿ. ಇನ್ನೊಂದು ಸಲ ಇಳೀತೀರಾ? ಈಗ ಬೆಳಕು ತುಂಬ ಚೆನ್ನಾಗಿದೆ."

ಭಾವ ನನ್ನ ಮುಖ ನೋಡಿದ. ನಾನು ಬೇಡ ಎಂದು ತಲೆಯಾಡಿಸಿದೆ.

"ಮತ್ತೆ ಆ ಹಗ್ಗ... ಅದು ಕಂಟ್ರಾಕ್ಟರ್ ಆಫೀಸಿನವರು ಕೊಟ್ಟಿದ್ದಾ?"

"ಎಲ್ಲಿಂದ ಕೊಡ್ತಾರೆ ಸಾರ್? ನಾವೇ ತಂದ್ಕೊಂಡಿದ್ದು."

"ಅದೇ ನೋಡಿ. ಹಗ್ಗ ಕಂಡ್ರೆ ಜನ ಏನಂದ್ಕೋತಾರೆ? ಪರವಾಗಿಲ್ಲ, ಇವರಿಗೆ ಹಗ್ಗ ಕೊಟ್ಟಿದಾರೆ ಅಂತಾರೆ. ಅದು ಸುಳ್ಳಾಗುತ್ತೆ. ಕೊಟ್ಟಿಲ್ಲ ಅನ್ನೋದು ಸತ್ಯ. ದಯವಿಟ್ಟು, ಹಗ್ಗ ಇಲ್ದೆ ಇಳಿದ್ರೆ ಆ ಸತ್ಯ ಕಾಣುತ್ತೆ. ಎರಡೇ ನಿಮಿಷ. ತಲೆ ಮರೆಯಾದ್ರೆ ಸಾಕು, ಹತ್ಕೊಂಡು ಬಂದ್ಬಿಡಿ."

"ಬೇಡ ಭಾವ. ಕಲಕಿದೀಯ" ಎಂದೆ.

"ಗೊತ್ತು ಕಣೋ. ಆದ್ರೆ ಅಷ್ಟು ಮರ್ಯಾದೆ ಕೊಟ್ಟು ಕೇಳ್ತಿದಾರೆ. ಹೇಗೋ ಇಲ್ಲ ಅನ್ನೋದು? ಎರಡು ನಿಮಿಷ ತಾನೆ."

ಕಂಟ್ರಾಕ್ಟರ್ ಕೇಳಿದ್ದರೆ ಭಾವ ನೀನೇ ಇಳಿ ಎಂದು ಉಗಿದು ಮನೆಗೆ ಹೋಗಿರುತ್ತಿದ್ದ. ಬೈಗುಳಕ್ಕೆ ಎದುರಾಡಲು ನಮಗೆ ಬರುತ್ತದೆ, ಹುಟ್ಟಿದಾಗಿನಿಂದ ಅದೇ ಅಭ್ಯಾಸ. ದಯವಿಟ್ಟು ಎಂದವನಿಗೆ ಇಲ್ಲ ಎನ್ನುವುದನ್ನು ಯಾರೂ ಕಲಿಸಿರಲಿಲ್ಲ.

ಗಂಟು ನೆನೆದು ಬಿಗಿದಿತ್ತು. ಭಾವನ ಬೆರಳು ಮರಗಟ್ಟಿ ಜಾರುತ್ತಿದ್ದವು. ನಾನೇ ಮಂಡಿಯೂರಿ ಕೂತು ಹಲ್ಲಿನಿಂದ ಕಚ್ಚಿ ಬಿಚ್ಚಿದೆ. ಹೌದು, ನಾನೇ. ಆ ನೀರಿನ ರುಚಿ ಇವತ್ತಿಗೂ ನಾಲಿಗೆಯ ಬುಡದಲ್ಲಿದೆ.

ಭಾವ ಇಳಿದ. ತಲೆ ಮರೆಯಾಯಿತು. ಡೈರೆಕ್ಟರ್ ಹೆಬ್ಬೆರಳು ಎತ್ತಿ ತೋರಿಸಿದ. ಒಳಗೆ ಏನೋ ಬಿದ್ದ ಸದ್ದಾಯಿತು. ಕೂಗಿದೆ. ಮತ್ತೆ ಕೂಗಿದೆ. ನನ್ನ ಕೈಯಲ್ಲಿ ಬರೀ ಹಗ್ಗ ಇತ್ತು. ನಾನು ಧುಮುಕಲು ಹೋದರೆ ನಮ್ಮವರು ನಾಲ್ಕು ಜನ ನನ್ನ ಮೇಲೆ ಬಿದ್ದು ನೆಲಕ್ಕೆ ಒತ್ತಿ ಹಿಡಿದರು. ಅಷ್ಟು ಹೊತ್ತೂ ಕ್ಯಾಮೆರಾ ನಡೆಯುತ್ತಲೇ ಇತ್ತು. ಸಿನಿಮಾದಲ್ಲಿ ನಾನು ಅರಚುವ ಮುಖ ಇದೆ. ಕೈ ಇಲ್ಲ. ಕೈಯಲ್ಲಿ ಹಗ್ಗ ಇತ್ತಲ್ಲ, ಕತ್ತರಿಸಿದ್ದಾನೆ.

ಅಕ್ಕನಿಗೆ ಏನು ಹೇಳಲಿ? ಹಗ್ಗ ಹರಿದುಹೋಯಿತು ಎಂದೆ. ಬಾಯಿಗೆ ಬಂದದ್ದು ಅದೇ. ತಂಡದವರು ನನ್ನ ಮುಖ ನೋಡಿ ಸುಮ್ಮನಾದರು.

ಅಕ್ಕ ಅಳಲಿಲ್ಲ. "ಹೊಲಿಗೆ ಬಿಡ್ತಾ?" ಎಂದು ಕೇಳಿದಳು.

ನಾನು ಹೂಂ ಎಂದೆ. ಆ ಒಂದು ಹೂಂ ಅವಳನ್ನು ಹನ್ನೊಂದು ತಿಂಗಳು ತಿಂದಿತು. ಭಾವನ ಜಾಗದಲ್ಲಿ ಅವಳಿಗೆ ಕಂಟ್ರಾಕ್ಟರನ ಆಫೀಸು ಗುಡಿಸುವ ಕೆಲಸ ಕೊಟ್ಟರು. ಗುಡಿಸಿ ಬಂದು ಗೋಡೆಗೆ ಒರಗಿ ಕೂತು, ಬಲಗೈ ಹೆಬ್ಬೆರಳನ್ನು ಬೆರಳಿಗೆ ಉಜ್ಜುತ್ತ, "ಎರಡೆಳೆ ದಾರ ಹಾಕ್ಬೇಕಿತ್ತು ಕಣೋ" ಎನ್ನುತ್ತಿದ್ದಳು. ನಾನು ಎದ್ದು ಹೊರಗೆ ಹೋಗುತ್ತಿದ್ದೆ.

ಸಿನಿಮಾ ತಯಾರಾಯಿತು. ಎಲ್ಲೆಲ್ಲೋ ಬಹುಮಾನ ಬಂತಂತೆ. ಒಂದು ದಿನ ಕ್ಯಾಮೆರಾದವನು ನನ್ನನ್ನು ಹುಡುಕಿಕೊಂಡು ಬಂದ. ತಲೆ ತಗ್ಗಿಸಿಕೊಂಡು ಹೇಳಿದ: "ಮೊದಲನೇ ಸಲ ಇಳಿದು ಬಂದಿದ್ದನ್ನ ಪೂರ್ತಿ ತೆಗೆದುಹಾಕಿದಾರೆ. ನನ್ನ ಹತ್ರ ಇದೆ. ಈ ಊರಲ್ಲೂ ಸಿನಿಮಾ ತೋರಿಸ್ತಾರೆ, ಅವತ್ತು ಓಡಿಸೋನು ನಾನೇ. ನೀವು ಎಲ್ಲರ ಎದುರಿಗೆ ಕೇಳಿದ್ರೆ ಹಾಕ್ತೀನಿ."

"ನೀನೇ ಯಾಕೆ ಹಾಕಲ್ಲ?" ಎಂದೆ. ಅವನು ಚಪ್ಪಲಿ ಮೆಟ್ಟಿಕೊಂಡು ಹೊರಟ. ಅವನನ್ನೂ ನಾನು ಕ್ಷಮಿಸಿಲ್ಲ.

ಡೈರೆಕ್ಟರೂ ಫೋನ್ ಮಾಡಿದ. ಅಕ್ಕನನ್ನೂ ಕರೆತನ್ನಿ, ಕಾರು ಕಳಿಸುತ್ತೇನೆ ಎಂದ. "ವೇದಿಕೆ ಮೇಲೆ ಎರಡು ಮಾತಾಡಿ. ಹಗ್ಗ ಕೊಟ್ಟಿರ್ಲಿಲ್ಲ ಅಂತ ಹೇಳಿ ಸಾಕು. ಅದು ನಿಜ ತಾನೆ? ಬೇರೆ ಏನಾದ್ರೂ ಹೇಳಿದ್ರೆ ಕಂಟ್ರಾಕ್ಟರ್ ತಪ್ಪಿಸ್ಕೊಂಡ್ಬಿಡ್ತಾನೆ, ನಿಮ್ಮವರಿಗೇ ನಷ್ಟ."

ನನ್ನ ಬಾಯಿ ಹೊಲಿಯಲು ಅವನಿಗೆ ಎಷ್ಟು ಒಳ್ಳೇ ದಾರ ಸಿಕ್ಕಿತ್ತು ನೋಡಿ. ಸಿನಿಮಾ ನೋಡಿದ ಕೂಡಲೇ ಅಕ್ಕ ಹಗ್ಗ ಎಲ್ಲಿ ಎಂದು ಕೇಳುತ್ತಾಳೆ. ಅವತ್ತು ತರುವುದು ಮರೆತಿದ್ದೆವು ಎಂದರೆ ಮುಗಿಯಿತು, ನನಗೆ ಅಕ್ಕ ಉಳಿಯುತ್ತಾಳೆ, ಅವನಿಗೆ ಸಿನಿಮಾ ಉಳಿಯುತ್ತದೆ. ನಿಜ ಹೇಳಿದರೆ ಅವನು ಸಾಯುತ್ತಾನೆ, ಜತೆಗೆ ನನಗೆ ಇರುವ ಒಬ್ಬಳೇ ಅಕ್ಕ ಹೋಗುತ್ತಾಳೆ.

ಮಧ್ಯಾಹ್ನ ಮೂರು ಗಂಟೆಗೆ ದೊಡ್ಡ ಹಾಲ್‌ನಲ್ಲಿ ಪ್ರದರ್ಶನ. ನನ್ನನ್ನೂ ಅಕ್ಕನನ್ನೂ ಮೊದಲನೇ ಸಾಲಿನಲ್ಲಿ ಕೂರಿಸಿದರು. ನಮ್ಮ ಪಕ್ಕದ ಕುರ್ಚಿಗಳು ಎರಡೂ ಕಡೆ ಖಾಲಿ ಉಳಿದವು. ಒಗೆದ ಬಟ್ಟೆ ಹಾಕಿಕೊಂಡೇ ಹೋಗಿದ್ದೆವು. ತಂಡದ ನಾಲ್ವರಿಗೆ ಕರೆ ಇರಲಿಲ್ಲ, ಆದರೂ ಬಂದು ಹಿಂದೆ ಬಾಗಿಲ ಹತ್ತಿರ ನಿಂತಿದ್ದರು.

ಪರದೆಯ ಮೇಲೆ ಭಾವ ಗೋಡೆಯಷ್ಟು ದೊಡ್ಡದಾಗಿ ಕಂಡ. ಬರಿಮೈ, ಬರೀ ಸೊಂಟ. ಇಳಿದ. ತಲೆ ಮರೆಯಾಯಿತು. ಅಕ್ಕ ನನ್ನ ಮಣಿಕಟ್ಟು ಹಿಡಿದಳು.

"ಹಗ್ಗ ಎಲ್ಲೋ?"

ನಾನು ಪರದೆಯ ಮೇಲೇ ಕಣ್ಣಿಟ್ಟೆ.

"ಲೋ, ಹಗ್ಗ ಎಲ್ಲಿ? ಹರೀತು ಅಂದ್ಯಲ್ಲ. ಕಟ್ಟೇ ಇಲ್ಲವಲ್ಲೋ!"

ದೀಪ ಹತ್ತಿತು. ಜನ ಎದ್ದು ನಿಂತು ಚಪ್ಪಾಳೆ ಹೊಡೆದರು. ಎಷ್ಟೋ ಜನ ಕಣ್ಣೊರೆಸಿಕೊಳ್ಳುತ್ತಿದ್ದರು. ಡೈರೆಕ್ಟರ್ ವೇದಿಕೆ ಹತ್ತಿ ಮೆತ್ತಗೆ ಮಾತಾಡಿ ನನ್ನನ್ನು ಕರೆದ, ಕೈಗೆ ಮೈಕು ಕೊಟ್ಟ. ಅಕ್ಕ ಕೆಳಗಿನಿಂದ ನನ್ನನ್ನೇ ನೋಡುತ್ತಿದ್ದಳು.

"ನಮ್ ಭಾವ ಎರಡು ಸಲ ಇಳಿದ" ಎಂದೆ. "ಮೊದಲನೇ ಸಲ ಹಗ್ಗ ಇತ್ತು. ಜೀವಂತ ಮೇಲೆ ಬಂದ. ಈ ಮನುಷ್ಯ ಬೆಳಕು ಚೆನ್ನಾಗಿದೆ ಅಂತ ಇನ್ನೊಂದ್ಸಲ ಇಳಿಸ್ದ. ಹಗ್ಗ ಬೇಡ ಅಂದ. ನೀವು ಅತ್ತಿದ್ದು ಅದಕ್ಕೆ."

ಚಪ್ಪಾಳೆ ಹೊಡೆದ ಕೈಗಳು ಎಲ್ಲಿದ್ದವೋ ಅಲ್ಲೇ ನಿಂತವು. ಡೈರೆಕ್ಟರ್ ನಗುತ್ತಲೇ ಪಕ್ಕಕ್ಕೆ ಬಂದು ಮೈಕಿಗೆ ಕೈ ಹಾಕಿದ. ನಾನು ಬಿಡಲಿಲ್ಲ. ಅವನು ನನ್ನ ಕಿವಿಯ ಹತ್ತಿರ ಬಗ್ಗಿ ಹಲ್ಲು ಕಚ್ಚಿ ಹೇಳಿದ: "ಬಿಚ್ಚಿದ್ದು ನೀನು. ನಾನು ಮುಟ್ಟೂ ಇಲ್ಲ. ನಿಮ್ಮಕ್ಕನಿಗೆ ಹೇಳ್ಲಾ?"

ಮೊದಲ ಸಲ ಅವನ ಬಾಯಲ್ಲಿ ನೀನು ಬಂತು. ಮೈಕು ನಮ್ಮಿಬ್ಬರ ಮಧ್ಯೆ ಇತ್ತು. ಹಾಲ್‌ಗೆ ಹಾಲೇ ಕೇಳಿಸಿಕೊಂಡಿತು.

"ನೀನ್ಯಾಕೆ ಹೇಳ್ಬೇಕು? ನಾನೇ ಹೇಳ್ತೀನಿ" ಎಂದೆ. "ಅಕ್ಕಾ, ಹೊಲಿಗೆ ಬಿಡ್ಲಿಲ್ಲ. ನಿನ್ನ ಹೊಲಿಗೆ ಗಟ್ಟಿಯಾಗೇ ಇತ್ತು. ಗಂಟು ಬಿಚ್ಚಿದ್ದು ನಾನು. ಕೈಲಿ ಬರ್ಲಿಲ್ಲ, ಹಲ್ಲಲ್ಲಿ ಬಿಚ್ಚಿದೆ. ಬಿಚ್ಚು ಅಂದಿದ್ದು ಇವನು."

ಅಕ್ಕ ಎದ್ದು ನಿಂತಳು. ನನ್ನ ಕಡೆ ನೋಡಲೇ ಇಲ್ಲ. ಡೈರೆಕ್ಟರನ್ನು ಕೇಳಿದಳು: "ಅವನು ಮೇಲೆ ಬಂದಿದ್ದು ಎಲ್ಲಿ? ಅದನ್ನ ತೋರ್ಸು."

"ಅಮ್ಮಾ, ಅಂಥದ್ದೇನೂ ಇಲ್ಲ. ದಯವಿಟ್ಟು ಕೂತ್ಕೊಳ್ಳಿ..."

"ಇದೆ" ಎಂದು ಹಿಂದಿನಿಂದ ಕ್ಯಾಮೆರಾದವನು ಹೇಳಿದ.

ಕೆಲವರು ಮೆಲ್ಲಗೆ ಎದ್ದು ಬ್ಯಾಗು ಹೆಗಲಿಗೇರಿಸಿದರು. ನಮ್ಮ ನಾಲ್ವರೂ ಬಾಗಿಲು ಮುಚ್ಚಿ ಅದಕ್ಕೆ ಬೆನ್ನು ಕೊಟ್ಟು ನೆಲದ ಮೇಲೆ ಕೂತರು. ಅವರಲ್ಲಿ ಹಿರಿಯವನು, ಯಾವತ್ತೂ ನಾಲ್ಕು ಜನರ ಮುಂದೆ ಬಾಯಿ ಬಿಡದವನು, ಕೂತಲ್ಲಿಂದಲೇ ಗಟ್ಟಿಯಾಗಿ ಹೇಳಿದ: "ಸತ್ತಿದ್ದನ್ನ ಒಂದು ಗಂಟೆ ನೋಡಿದೀರಿ. ಬದುಕಿದ್ದನ್ನ ಐದು ನಿಮಿಷ ನೋಡ್ಕೊಂಡು ಹೋಗಿ."

ಯಾರೂ ಅವನನ್ನು ದಾಟುವ ಧೈರ್ಯ ಮಾಡಲಿಲ್ಲ. ದಾಟಬೇಕಾದರೆ ಮುಟ್ಟಬೇಕಿತ್ತು.

ಪರದೆಯ ಮೇಲೆ ಭಾವ ಗುಂಡಿಯಿಂದ ಎದ್ದು ಬಂದ. ಸೊಂಟದಲ್ಲಿ ನೀಲಿ ಹಗ್ಗ. ಮುಖ ಬಳಿದುಕೊಂಡ, ನಕ್ಕ. ದಿಂಬು ಸಾರ್, ದಿಂಬು ಎಂದ. ಹಾಲ್‌ನಲ್ಲಿ ಒಬ್ಬರೂ ನಗಲಿಲ್ಲ. ಅಕ್ಕ ಒಬ್ಬಳೇ ನಕ್ಕಳು. ಮನೆಯಲ್ಲಿ ಅವನ ಮಾತಿಗೆ ಹೇಗೆ ನಗುತ್ತಿದ್ದಳೋ ಹಾಗೆ, ಬಾಯಿಗೆ ಸೆರಗು ಕೊಟ್ಟುಕೊಂಡು ಜೋರಾಗಿ ನಕ್ಕುಬಿಟ್ಟಳು.

ಆಮೇಲೆ ಡೈರೆಕ್ಟರ್ ದನಿ ಕೇಳಿತು. ಬೆಳಕು ಚೆನ್ನಾಗಿದೆ. ಹಗ್ಗ ಇಲ್ಲದೆ ಇಳಿದರೆ ಸತ್ಯ ಕಾಣುತ್ತೆ. ಎಲ್ಲ ಇತ್ತು, ಒಂದಕ್ಷರ ಬಿಡದೆ. ನಾನು ಪರದೆ ನೋಡಲಿಲ್ಲ, ಅವನ ಮುಖ ನೋಡುತ್ತಿದ್ದೆ. ಬೆವರು ಕಿವಿಯ ಹಿಂದಿನಿಂದ ಇಳಿದು ಕಾಲರ್ ಒಳಗೆ ಹೋಯಿತು. ಕರವಸ್ತ್ರ ತೆಗೆದ. ಅವತ್ತು ನಮ್ಮ ನಾತಕ್ಕೆ ಮೂಗಿಗೆ ಹಿಡಿದವನು ಇವತ್ತು ತನ್ನ ಬೆವರಿಗೆ ಹಿಡಿದ. ಸುಳ್ಳು ಯಾಕೆ ಹೇಳಲಿ, ನನ್ನ ಹೊಟ್ಟೆ ತಣ್ಣಗಾಯಿತು.

ಪರದೆಯಲ್ಲಿ ನಾನು ಮಂಡಿಯೂರಿದೆ. ಗಂಟಿಗೆ ಬಾಯಿ ಹಾಕಿದೆ. ಅಕ್ಕ ಅದನ್ನೂ ಕಣ್ಣು ಮಿಟುಕಿಸದೆ ನೋಡಿದಳು. ನೋಡಿ ಮುಗಿದ ಮೇಲೆ ವೇದಿಕೆ ಹತ್ತಿ ಬಂದು ನನ್ನ ಕೆನ್ನೆಗೆ ಬಾರಿಸಿದಳು. ಮತ್ತೊಂದು ಬಾರಿಸಿದಳು.

"ಹನ್ನೊಂದು ತಿಂಗಳು ಈ ಕೈನ ಕಡಿದು ಹಾಕ್ಬೇಕು ಅನ್ಕೊಂಡು ಬದುಕಿದೀನಲ್ಲೋ, ಪಾಪಿ" ಎಂದಳು.

ಡೈರೆಕ್ಟರಿಗೆ ಅದೇ ಸಾಕಾಯಿತು. ಅಕ್ಕ ತಮ್ಮನ ಜಗಳ ಎಂದು ತಿಳಿದಿರಬೇಕು. ಕೈ ಮುಗಿದು ಮುಂದೆ ಬಂದ. "ಅಮ್ಮಾ, ನೀವು ದಯವಿಟ್ಟು ಸಮಾಧಾನ ಮಾಡ್ಕೊಳ್ಳಿ. ನೀವು..."

"ನೀವು ಅನ್ಬೇಡ" ಎಂದಳು ಅಕ್ಕ. "ನಿನ್ ಬಾಯಲ್ಲಿ ನೀವು ಅನ್ನಿಸ್ಕೊಂಡೇ ಅವನು ಹೋಗಿದ್ದು. ನನ್ನ ಬೈಯಿ, ಕೇಳಿಸ್ಕೋತೀನಿ. ಮರ್ಯಾದೆ ಮಾತ್ರ ಕೊಡ್ಬೇಡ."

ಅವಳು ಹಿಂದಕ್ಕೆ ಹೋಗಿ ಕ್ಯಾಮೆರಾದವನ ಮುಂದೆ ಕೈ ಚಾಚಿದಳು. ಅವನು ಆ ಚಿತ್ರ ತುಂಬಿದ ಪುಟ್ಟ ಡಬ್ಬಿಯನ್ನು ತೆಗೆದು ಕೊಟ್ಟ. ಸೊಂಟಕ್ಕೆ ಸಿಕ್ಕಿಸಿಕೊಂಡಳು. ಬಾಗಿಲು ತೆರೆಯಿತು.

ಪೊಲೀಸ್ ಠಾಣೆ ಎರಡು ಬೀದಿ ಆಚೆ. ಅಕ್ಕ ಮುಂದೆ, ತಂಡದವರು ಹಿಂದೆ, ನಾನು ಎಲ್ಲರಿಗಿಂತ ಹಿಂದೆ. ನನ್ನನ್ನು ಬಾ ಎನ್ನಲಿಲ್ಲ, ಹೋಗು ಎನ್ನಲೂ ಇಲ್ಲ. ಡೈರೆಕ್ಟರ್ ಜತೆ ನಾನೂ ಜೈಲಿನೊಳಗೆ ಕೂರಬೇಕು ಎಂದಾದರೆ ಕೂರುತ್ತೇನೆ, ಅವನು ಕೂರುವುದನ್ನು ಹತ್ತಿರದಿಂದ ನೋಡಿದ ಹಾಗಾಗುತ್ತದೆ ಎಂದುಕೊಂಡೇ ನಡೆದೆ.

ಠಾಣೆಯಲ್ಲಿ ದೂರು ಬರೆದುಕೊಳ್ಳುವ ಪೇದೆ ನಮ್ಮನ್ನು ಕಂಡು ಕುರ್ಚಿ ಸ್ವಲ್ಪ ಹಿಂದಕ್ಕೆಳೆದುಕೊಂಡ. ಅಕ್ಕ ಮೇಜಿಗೆ ತಾಗಿಯೇ ನಿಂತಳು.

"ನಿಮ್ಮ ಹೆಸರು ಆಯ್ತು. ಗಂಡನ ಹೆಸರು?"

"ಸತ್ತಿರೋದೇ ಅವನು. ನನ್ನಪ್ಪನ ಹೆಸರು ಬರ್ಕೊಳ್ಳಿ" ಎಂದು ಅಪ್ಪನ ಹೆಸರು ಹೇಳಿದಳು. ಪೇದೆ ಬರೆದ.

"ದೂರು ಯಾರ ಮೇಲೆ?"

"ಮೂರು ಜನ. ಹಗ್ಗ ಕೊಡದೇ ಇದ್ದ ಕಂಟ್ರಾಕ್ಟರು. ಹಗ್ಗ ಬೇಡ ಅಂದ ಡೈರೆಕ್ಟರು. ಹಗ್ಗ ಬಿಚ್ಚಿದೋನು ಇವನು."

ಪೇದೆ ನನ್ನನ್ನು ಮೇಲಿಂದ ಕೆಳಗೆ ನೋಡಿದ. "ಯೋಚನೆ ಮಾಡಿ ಹೇಳಮ್ಮ. ಆಫೀಸಲ್ಲಿ ಗುಡಿಸ್ತೀನಿ ಅಂದೆ, ಆ ಕೆಲಸ ಉಳಿಯಲ್ಲ. ಇವನು ನೋಡಿದ್ರೆ ನಿಮ್ ಜತೆಗೇ ಬಂದಿದಾನೆ."

"ನೀವು ಬರೀರಿ."

ಅವನು ಮೊದಲ ಎರಡು ಹೆಸರು ಬರೆದ. ಮೂರನೆಯದಕ್ಕೆ ನನ್ನ ಕಡೆ ತಿರುಗಿ, "ನಿನ್ನಪ್ಪನ ಹೆಸರೇನೋ?" ಎಂದ.

ನಾನು ಬಾಯಿ ತೆರೆಯುವ ಮೊದಲೇ ಅಕ್ಕ ಹೇಳಿದಳು. ಪೇದೆಯ ಪೆನ್ನು ನಿಂತಿತು. ಹಾಳೆಯ ಮೇಲ್ಗಡೆಗೆ ಹೋಗಿ ಓದಿದ, ಕೆಳಗೆ ಬಂದ, ಅವಳನ್ನು ನೋಡಿದ, ನನ್ನನ್ನು ನೋಡಿದ.

"ಇದೇ ಹೆಸರು ಮೇಲೂ ಬರೆದಿದೀನಲ್ಲಮ್ಮ?"

ಅಕ್ಕ ಮೇಜಿನ ಅಂಚನ್ನು ಎರಡೂ ಕೈಯಿಂದ ಹಿಡಿದು ನಿಂತಿದ್ದಳು.

"ಸರಿಯಾಗೇ ಹೇಳಿದಾಳೆ ಸಾರ್" ಎಂದೆ. "ಬರೀರಿ."